ಬಿಟ್ಟಿ ಸಾಫ್ಟ್‌ವೇರು: ಬೀಗದ ಕೈ ಯಾರ ಜೇಬಿನಲ್ಲಿ?

ಬಸ್‌ಸ್ಟ್ಯಾಂಡಿನ ಹಿಂದಿನ ರಸ್ತೆಯ ಜವಳಿ ಅಂಗಡಿ ಯಜಮಾನರು ಮೊನ್ನೆ ನನ್ನನ್ನು ಕರೆದು ಮೊಬೈಲ್ ತೋರಿಸಿದರು. ಅವರ ವೆಬ್‌ಸೈಟ್ ಒತ್ತಿದರೆ ಸೀರೆಯ ಬದಲು ಜೂಜಿನ ಜಾಹೀರಾತು! "ನೋಡಯ್ಯಾ, ಗಿರಾಕಿಗಳು ಫೋನ್ ಮಾಡಿ, ಏನ್ ಸ್ವಾಮಿ, ಇಸ್ಪೀಟ್ ಕ್ಲಬ್ ತೆಗೆದಿದ್ದೀರಾ ಅಂತಾರೆ" ಎಂದು ಹಣೆ ಚಚ್ಚಿಕೊಂಡರು.

ವೆಬ್‌ಸೈಟಿಗೆ ಜಾಗ ಬಾಡಿಗೆ ಕೊಟ್ಟವನು ಇದೇ ಊರಿನ ಹುಡುಗ. ವಿಚಾರಿಸಿದಾಗ ಸಂಗತಿ ಹೊರಬಿತ್ತು. ಗಿರಾಕಿಗಳ ಖಾತೆ ನೋಡಿಕೊಳ್ಳುವ, ಬಿಲ್ ಕಳಿಸುವ ಸಾಫ್ಟ್‌ವೇರನ್ನು ಆತ ಕೊಂಡೇ ಇರಲಿಲ್ಲ. ಲೈಸೆನ್ಸ್ ಮುರಿದ ಪ್ರತಿಯನ್ನು ಬಿಟ್ಟಿ ಇಳಿಸಿಕೊಂಡಿದ್ದ. ಹೋಸ್ಟಿಂಗ್ ಎಂದರೆ ವಠಾರ ಇದ್ದ ಹಾಗೆ. ಸರ್ವರ್ ಒಂದು, ಬಾಡಿಗೆದಾರರು ನೂರಾರು. ವಠಾರದ ಮುಂಬಾಗಿಲ ಕೀಲಿಯನ್ನೇ ಗುರುತಿಲ್ಲದವನ ಕೈಯಿಂದ ಮಾಡಿಸಿಕೊಂಡರೆ ಒಬ್ಬರ ಮನೆ ಮಾತ್ರ ಲೂಟಿಯಾಗುತ್ತದೆಯೇ?

ಯಾರೋ ಪುಣ್ಯಾತ್ಮ ರಾತ್ರಿಯೆಲ್ಲ ನಿದ್ದೆಗೆಟ್ಟು ಲೈಸೆನ್ಸ್ ಮುರಿದು ಊರಿಗೆಲ್ಲ ದಾನ ಮಾಡುತ್ತಾನೆ ಎಂದು ನಂಬುವವರಿದ್ದರೆ 2014ರ ಕತೆ ಕೇಳಬೇಕು. ಆ ವರ್ಷ ನವೆಂಬರಿನಲ್ಲಿ ನೆದರ್ಲೆಂಡ್ಸ್‌ನ ಫಾಕ್ಸ್-ಐಟಿ ಸಂಸ್ಥೆ 'ಕ್ರಿಪ್ಟೊಪಿಎಚ್‌ಪಿ' ಎಂಬ ಮೋಸವನ್ನು ಬಯಲಿಗೆಳೆಯಿತು. ವರ್ಡ್‌ಪ್ರೆಸ್, ಜೂಮ್ಲಾ, ಡ್ರೂಪಲ್‌ಗಳಿಗೆ ಬೇಕಾದ ದುಡ್ಡಿನ ಥೀಮು, ಪ್ಲಗ್‌ಇನ್‌ಗಳನ್ನು ಕದ್ದು ಬಿಟ್ಟಿ ಹಂಚುತ್ತಿದ್ದರು. ಒಳಗೆ ಹಿಂಬಾಗಿಲು ಇಟ್ಟಿದ್ದರು. ಅದೂ ಹೇಗೆ? 'ಸೋಶಿಯಲ್.ಪಿಎನ್‌ಜಿ' ಅಂತ ಚಿತ್ರದ ಹೆಸರಿನ ಕಡತ. ಬಿಚ್ಚಿ ನೋಡಿದರೆ ಚಿತ್ರವಲ್ಲ, ಕಳ್ಳನ ಕೋಡು. ಆ ಜಾಲಕ್ಕೆ ಬಿದ್ದ ಸರ್ವರ್ ವಿಳಾಸಗಳು 23 ಸಾವಿರಕ್ಕೂ ಹೆಚ್ಚು. ಮಂದಿಯ ವೆಬ್‌ಸೈಟುಗಳಲ್ಲಿ ತಮಗೆ ಬೇಕಾದ ಕೊಂಡಿ ತುರುಕಿ ಗೂಗಲ್‌ನಲ್ಲಿ ಮೇಲೇರುವುದು ಅವರ ದಂಧೆ. ನಮ್ಮ ಜವಳಿ ಯಜಮಾನರಿಗೆ ಆದದ್ದೂ ಹೆಚ್ಚುಕಡಿಮೆ ಇದೇ ಜಾತಿಯ ಕಾಯಿಲೆ.

ಹಿಂಬಾಗಿಲು ಇಲ್ಲದಿದ್ದರೂ ಗಂಡಾಂತರ ತಪ್ಪಿದ್ದಲ್ಲ. ಸಾಫ್ಟ್‌ವೇರಿನಲ್ಲಿ ತೂತು ಕಂಡರೆ ಕಂಪನಿ ತೇಪೆ ಹಾಕಿ ಕಳಿಸುತ್ತದೆ. ಅದು ಕಾಸು ಕೊಟ್ಟವನಿಗೆ. ಕದ್ದವನು ಹಳೇ ತೂತಿನಲ್ಲೇ ಕೂತಿರುತ್ತಾನೆ.

ಇನ್ನು ಕಾನೂನು. 1957ರ ಕೃತಿಸ್ವಾಮ್ಯ ಕಾಯ್ದೆಯ 63ಬಿ ಕಲಮಿನ ಪ್ರಕಾರ ಗೊತ್ತಿದ್ದೂ ಕದ್ದ ಪ್ರತಿ ಬಳಸಿದರೆ 7 ದಿನದಿಂದ 3 ವರ್ಷ ಜೈಲು, 50 ಸಾವಿರದಿಂದ 2 ಲಕ್ಷದವರೆಗೆ ದಂಡ. ವ್ಯಾಪಾರಕ್ಕಲ್ಲದೆ ಬಳಸಿದವನಿಗೆ ಕೋರ್ಟು ಜೈಲು ಬಿಡಬಹುದು. ಹೋಸ್ಟಿಂಗ್ ಅಪ್ಪಟ ವ್ಯಾಪಾರ. ಇಂಥ ದಾಳಿ ಗೊತ್ತಾದ 6 ಗಂಟೆಯೊಳಗೆ ವರದಿ ಮಾಡಬೇಕೆಂದು ಸರ್ಟ್-ಇನ್ 2022ರಲ್ಲಿ ಆದೇಶ ಮಾಡಿದೆ. ಕದ್ದ ಮಾಲು ಇಟ್ಟುಕೊಂಡವನು ತಾನಾಗಿ ದೂರು ಕೊಡಲು ಹೋಗುತ್ತಾನೆಯೇ, ನೀವೇ ಹೇಳಿ.

ಹುಡುಗನದೂ ಒಂದು ಮಾತಿದೆ. ಸಿಪ್ಯಾನೆಲ್‌ನವರು 2019ರಲ್ಲಿ ಖಾತೆಗಳ ಲೆಕ್ಕದಲ್ಲಿ ದರ ಕಟ್ಟಿದ ಮೇಲೆ ಸಣ್ಣವರಿಗೆ ಹೊರೆಯಾಯಿತು, ಇತ್ತ ಅಂಗಡಿಯವರು ಐವತ್ತು ರೂಪಾಯಿಗೂ ಚೌಕಾಸಿ ಮಾಡ್ತಾರೆ, ಅಂತಾನೆ. ಚೌಕಾಸಿ ವಿಚಾರ ಸುಳ್ಳಲ್ಲ, ನಾನೇ ಕಂಡಿದ್ದೇನೆ. ಆದರೆ ವೆಬ್‌ಮಿನ್‌ನಂಥ ಪ್ಯಾನೆಲ್ಲು ಪುಕ್ಕಟೆಯಾಗಿಯೇ, ಕಾನೂನುಬದ್ಧವಾಗಿಯೇ ಸಿಗುವಾಗ ಕದಿಯುವ ಕರ್ಮ ಯಾಕಪ್ಪಾ? ಕಲಿಯಲು ನಾಲ್ಕು ದಿನ ಕೂರಬೇಕು, ಅಷ್ಟೇ.

ವೆಬ್‌ಸೈಟ್ ಇಟ್ಟಿರುವ ಅಂಗಡಿಯವರು ನಾಳೆಯೇ ತಮ್ಮ ಹೋಸ್ಟಿಂಗ್‌ನವನನ್ನು ಕರೆದು ಲೈಸೆನ್ಸಿನ ರಸೀದಿ ತೋರಿಸು ಅನ್ನಿ. ಬ್ಯಾಕಪ್ ಎಲ್ಲಿಟ್ಟಿದ್ದೀಯ ಅಂತಲೂ ಕೇಳಿ. ಜವಳಿ ಯಜಮಾನರ ಬ್ಯಾಕಪ್ ಅದೇ ಸರ್ವರಿನಲ್ಲೇ ಇತ್ತಂತೆ. ಸೀರೆಗಳ ಫೋಟೋ ಮತ್ತೆ ಮೊದಲಿನಿಂದ ತೆಗೆಸುತ್ತಿದ್ದಾರೆ.