ಅಡಿಗೆಯ ಮನೆ: ಹಂಚಿನ ಮೇಲಿನ ತಾಲಿಪಟ್ಟಿ

ಬರಿ ಚಹ ಕುಡಿದು ಕಚೇರಿಗೆ ಓಡುವ ನಮ್ಮಂಥವರಿಗೆ ಹನ್ನೊಂದಕ್ಕೇ ಹೊಟ್ಟೆ ಚುರುಗುಟ್ಟುತ್ತದೆ. ಹೊಲಕ್ಕೆ ಹೊರಟ ರೈತನ ಹೊಟ್ಟೆ ತುಂಬಿಸುವ ತಾಲಿಪಟ್ಟಿಯನ್ನು ನಾವೂ ಮಾಡೋಣ.

2 ಬಟ್ಟಲು ಜೋಳದ ಹಿಟ್ಟು, ಅರ್ಧ ಬಟ್ಟಲು ಕಡಲೆಹಿಟ್ಟು, ಸಣ್ಣಗೆ ಹೆಚ್ಚಿದ ಉಳ್ಳಾಗಡ್ಡಿ, ಕೊತ್ತಂಬರಿ, ಹಸಿಮೆಣಸಿನಕಾಯಿ, ಜೀರಿಗೆ, ಅರಿಸಿನ, ಉಪ್ಪು ಕೂಡಿಸಿರಿ. ಜೋಳಕ್ಕೆ ಜಿಗಿ ಕಡಿಮೆ. ಬಿಸಿನೀರಿನಿಂದಲೇ ಮೆತ್ತಗೆ ನಾದಿರಿ. ಒದ್ದೆ ಬಟ್ಟೆಯ ಮೇಲೆ ತಟ್ಟಿ, ಬೆರಳಿನಿಂದ ನಾಲ್ಕೈದು ತೂತು ಮಾಡಿ, ಎಣ್ಣೆ ಸವರಿದ ಕಬ್ಬಿಣದ ಹಂಚಿಗೆ ಹಾಕಿರಿ. ತೂತುಗಳಿಗೆ ಎಣ್ಣೆ ಬಿಟ್ಟು ಮುಚ್ಚಿರಿ. ಸಣ್ಣ ಉರಿ ಇರಲಿ. ಅವಸರ ಮಾಡಿದರೆ ಮೇಲೆ ಕರಕು, ಒಳಗೆ ಹಸಿ. ಮಗುಚಿ ಬೇಯಿಸಿ ಗಟ್ಟಿ ಮೊಸರು, ಶೇಂಗಾ ಚಟ್ನಿಯೊಡನೆ ಬಡಿಸಿರಿ.

ಪುಣೆಯ ನೆರೆಯವರ ಥಾಲಿಪೀಠ ಇದರ ಒಡಹುಟ್ಟು. ಅವರು ಧಾನ್ಯ, ಬೇಳೆಗಳನ್ನು ಹುರಿದು ಬೀಸಿದ ‘ಭಾಜಣಿ’ ಬಳಸುತ್ತಾರೆ. ಇಲ್ಲಿ ಬೆಳೆಯುವ ನಮ್ಮ ಮಕ್ಕಳು ಎರಡನ್ನೂ ಉಣ್ಣಲಿ. ಕನ್ನಡದ ಹೆಸರನ್ನು ಮಾತ್ರ ಮರೆಯದಿರಲಿ.