ಒಬ್ಬಳ ಮಾತು ಸಾಕ್ಷಿಯಲ್ಲವೇ?

ಕಳೆದ ತಿಂಗಳು ಊಟದ ಬಿಡುವಿನಲ್ಲಿ ಒಂದು ಪತ್ರಿಕೆಯ ಸುದ್ದಿ ನಮ್ಮ ತರಗತಿಯಲ್ಲಿ ದೊಡ್ಡ ವಾದಕ್ಕೆ ಕಾರಣವಾಯಿತು. ಅತ್ಯಾಚಾರ ಪ್ರಕರಣದ ಮೇಲ್ಮನವಿಯಲ್ಲಿ ಆರೋಪಿ ಬಿಡುಗಡೆಯಾಗಿದ್ದ. "ಅವಳು ಹೇಳಿದ್ದು ಬಿಟ್ಟರೆ ಬೇರೆ ಸಾಕ್ಷಿಯೇ ಇಲ್ಲ, ಕೋರ್ಟ್ ಹೇಗೆ ನಂಬಬೇಕು?" ಎಂದು ಒಬ್ಬ ಸಹಪಾಠಿ ಕೇಳಿದ. ನಾವು ಹುಡುಗಿಯರು ಸಿಟ್ಟಾದೆವು. ಆದರೆ ನಿಜ ಹೇಳಬೇಕೆಂದರೆ, ನಮ್ಮ ಬಳಿಯೂ ಉತ್ತರ ಇರಲಿಲ್ಲ. ಆಮೇಲೆ ನಾನು ಹುಡುಕಿ ಓದಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ನಮ್ಮ ಕಾನೂನಿನಲ್ಲಿ ಒಂದು ಸಂಗತಿಯನ್ನು ರುಜುವಾತು ಮಾಡಲು ಇಷ್ಟೇ ಸಾಕ್ಷಿಗಳು ಬೇಕೆಂಬ ನಿಯಮ ಇಲ್ಲ. 1872ರ ಸಾಕ್ಷ್ಯ ಅಧಿನಿಯಮದ 134ನೇ ಕಲಂ ಹೀಗೆ ಹೇಳಿತ್ತು. 2024ರ ಜುಲೈ 1ರಂದು ಜಾರಿಗೆ ಬಂದ ಹೊಸ ಅಧಿನಿಯಮದಲ್ಲೂ ಅದು ಉಳಿದಿದೆ. ನೊಂದ ಹೆಣ್ಣಿನ ಮಾತು ನಂಬುವಂತಿದ್ದರೆ ಅದೊಂದರ ಮೇಲೆಯೇ ಶಿಕ್ಷೆ ಕೊಡಬಹುದು ಎಂದು ಸುಪ್ರೀಂ ಕೋರ್ಟ್ ಹಲವು ಬಾರಿ ಹೇಳಿದೆ.

ಹಾಗಾದರೆ "ನಂಬುವಂತಿರುವುದು" ಎಂದರೆ ಏನು? ಕಷ್ಟವೆಲ್ಲ ಇರುವುದು ಇಲ್ಲೇ.

1972ರಲ್ಲಿ ಮಹಾರಾಷ್ಟ್ರದ ಒಂದು ಪೊಲೀಸ್ ಠಾಣೆಯೊಳಗೆ ಆದಿವಾಸಿ ಹುಡುಗಿಯೊಬ್ಬಳ ಮೇಲೆ ದೌರ್ಜನ್ಯ ನಡೆಯಿತೆಂದು ಪ್ರಕರಣ ದಾಖಲಾಯಿತು. ಸೆಷನ್ಸ್ ಕೋರ್ಟ್ ಪೊಲೀಸರನ್ನು ಬಿಟ್ಟಿತು, ಹೈಕೋರ್ಟ್ ಶಿಕ್ಷಿಸಿತು, 1978ರಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಬಿಟ್ಟಿತು. ಅವಳ ಮೈಮೇಲೆ ಗಾಯದ ಗುರುತು ಇರಲಿಲ್ಲ ಎಂಬುದು ಮುಖ್ಯ ಕಾರಣಗಳಲ್ಲಿ ಒಂದು. ಹೆದರಿದವರು ಹೊಡೆದಾಡಲಾರರು ಎಂಬುದನ್ನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಉಪೇಂದ್ರ ಬಕ್ಷಿ, ಲತಿಕಾ ಸರ್ಕಾರ್ ಸೇರಿ ನಾಲ್ವರು ಕಾನೂನು ಅಧ್ಯಾಪಕರು 1979ರಲ್ಲಿ ಇದನ್ನು ಪ್ರಶ್ನಿಸಿ ಬಹಿರಂಗ ಪತ್ರ ಬರೆದರು. ದೇಶದ ಹಲವೆಡೆ ಮಹಿಳೆಯರು ಬೀದಿಗಿಳಿದರು. 1983ರಲ್ಲಿ ಕಾನೂನೇ ಬದಲಾಯಿತು.

ನನ್ನನ್ನು ಹೆಚ್ಚು ಕಾಡಿದ್ದು ಪಂಜಾಬಿನ ಪ್ರಕರಣ. 1984ರ ಮಾರ್ಚ್ ತಿಂಗಳು. ಹದಿನಾರು ತುಂಬದ ಹುಡುಗಿ ಹತ್ತನೇ ತರಗತಿಯ ಪರೀಕ್ಷೆ ಬರೆದು ಬರುವಾಗ ಅವಳನ್ನು ಕಾರಿನಲ್ಲಿ ಎತ್ತಿಕೊಂಡು ಹೋದರು. ಮರುದಿನ ಬೆಳಿಗ್ಗೆ ಬಿಟ್ಟುಹೋದರು. ಅವಳು ಆ ದಿನದ ಪರೀಕ್ಷೆಯನ್ನೂ ಬರೆದು, ಆಮೇಲೆ ಮನೆಗೆ ಹೋಗಿ ತಾಯಿಗೆ ಹೇಳಿದಳು. ವಿಚಾರಣಾ ನ್ಯಾಯಾಲಯ ಅವಳನ್ನು ನಂಬಲಿಲ್ಲ. ಕಾರು ಯಾವ ಕಂಪನಿಯದೆಂದು ಅವಳಿಗೆ ಗೊತ್ತಿರಲಿಲ್ಲ, ದಾರಿಯಲ್ಲಿ ಕೂಗಲಿಲ್ಲ, ಪರೀಕ್ಷಾ ಕೇಂದ್ರದಲ್ಲಿ ಯಾರಿಗೂ ಹೇಳಲಿಲ್ಲ, ದೂರು ಕೊಟ್ಟದ್ದು ತಡ, ಇವು ಕಾರಣಗಳು. ಅವಳ ನಡತೆಯ ಮೇಲೂ ಮಾತು ಬಂತು. 1996ರಲ್ಲಿ ಸುಪ್ರೀಂ ಕೋರ್ಟ್ ಈ ತೀರ್ಪನ್ನು ತಳ್ಳಿಹಾಕಿ ಆರೋಪಿಗಳನ್ನು ಶಿಕ್ಷಿಸಿತು. ಅಷ್ಟರಲ್ಲಿ ಸುಮಾರು ಹನ್ನೆರಡು ವರ್ಷ ಕಳೆದಿತ್ತು.

ದೂರು ಏಕೆ ತಡವಾಯಿತು? ಮನೆಯವರು ಮೊದಲು ಪಂಚಾಯಿತಿಗೆ ಹೋಗಿದ್ದರು. ನಮ್ಮ ಮನೆಗಳಲ್ಲಿ ಇದು ಅರ್ಥವಾಗದ ಮಾತಲ್ಲ. ನಾವು ಉರ್ದು ಮಾತನಾಡುವವರು "ಇಜ್ಜತ್" ಎನ್ನುತ್ತೇವೆ, ಪಕ್ಕದ ಮನೆಯವರು "ಮರ್ಯಾದೆ" ಎನ್ನುತ್ತಾರೆ. ಎರಡೂ ಹುಡುಗಿಯ ಬಾಯಿಯನ್ನೇ ಮುಚ್ಚಿಸುತ್ತವೆ. ಮೊದಲು ನಾವೇ ಸುಮ್ಮನಿರಿಸಿ, ಆಮೇಲೆ "ಅಂದೇ ಏಕೆ ಹೇಳಲಿಲ್ಲ?" ಎಂದು ಕೇಳುವುದು ಯಾವ ನ್ಯಾಯ?

ಇದೆಲ್ಲ ಹಳೆಯ ಕಾಲದ ಮಾತು ಎನ್ನುವಂತಿಲ್ಲ. 2020ರಲ್ಲಿ ನಮ್ಮ ಕರ್ನಾಟಕ ಹೈಕೋರ್ಟ್‌ನ ಒಂದು ಜಾಮೀನು ಆದೇಶದಲ್ಲಿ, ಘಟನೆಯ ನಂತರ ದಣಿದು ನಿದ್ದೆ ಹೋದೆ ಎಂದ ದೂರುದಾರೆಯ ಬಗ್ಗೆ, ಭಾರತೀಯ ಹೆಣ್ಣಿಗೆ ಇದು ತಕ್ಕದ್ದಲ್ಲ ಎಂಬರ್ಥದ ಮಾತಿತ್ತು. ವಿರೋಧ ಬಂದ ಮೇಲೆ ಅದನ್ನು ತೆಗೆದುಹಾಕಲಾಯಿತು.

ಸಹಪಾಠಿಯ ಭಯವೂ ಸುಳ್ಳಲ್ಲ. ನಿರಪರಾಧಿ ಜೈಲಿಗೆ ಹೋಗಬಾರದು. 2012ರಲ್ಲಿ ಸುಪ್ರೀಂ ಕೋರ್ಟ್, ಒಬ್ಬಳ ಮಾತಿನ ಮೇಲೆಯೇ ಶಿಕ್ಷಿಸಬೇಕಾದರೆ ಆ ಮಾತು ಉತ್ತಮ ಗುಣಮಟ್ಟದ್ದಾಗಿರಬೇಕು, ಮೊದಲಿನಿಂದ ಕೊನೆಯವರೆಗೆ ಮುಖ್ಯ ವಿಷಯದಲ್ಲಿ ಬದಲಾಗಬಾರದು ಎಂದು ಹೇಳಿ ಆರೋಪಿಗಳನ್ನು ಬಿಟ್ಟಿತು. ಅದನ್ನು ನಾನು ಒಪ್ಪುತ್ತೇನೆ. ಕೆಳಗಿನ ಕೋರ್ಟ್ ಬಿಡುಗಡೆ ಮಾಡಿದರೆ ಆರೋಪಿ ನಿರಪರಾಧಿ ಎಂಬ ಭಾವನೆ ಇನ್ನಷ್ಟು ಗಟ್ಟಿಯಾಗುತ್ತದೆ ಎಂದು 2007ರಲ್ಲಿ ಕರ್ನಾಟಕದ ಚಂದ್ರಪ್ಪ ಪ್ರಕರಣದಲ್ಲಿ ಹೇಳಲಾಗಿದೆ. ಮೇಲ್ಮನವಿಯ ನ್ಯಾಯಾಧೀಶರು ಹುಡುಗಿಯ ಮುಖ ನೋಡುವುದಿಲ್ಲ, ಕಾಗದ ಓದುತ್ತಾರೆ. ಆದ್ದರಿಂದಲೇ ಮೊದಲ ಕೋರ್ಟ್ ಅವಳ ಮಾತನ್ನು ಯಾವ ಅಳತೆಗೋಲಿನಿಂದ ಅಳೆಯಿತು ಎಂಬುದು ಇಷ್ಟು ಮುಖ್ಯ.

ನಮ್ಮ ಲೆಕ್ಕಶಾಸ್ತ್ರದಲ್ಲಿ ತಾಳೆ ಪಟ್ಟಿ ಕೂಡದಿದ್ದರೆ ಪುಸ್ತಕವನ್ನೇ ಎಸೆಯುವುದಿಲ್ಲ. ವ್ಯತ್ಯಾಸವನ್ನು ಅನಾಮತ್ತು ಖಾತೆಗೆ ಹಾಕಿ, ತಪ್ಪು ಸಣ್ಣದೋ ದೊಡ್ಡದೋ ಎಂದು ಹುಡುಕುತ್ತೇವೆ. ಕಾರಿನ ಹೆಸರು ಗೊತ್ತಿಲ್ಲದ್ದು ಸಣ್ಣ ವ್ಯತ್ಯಾಸ. ಯಾರು ಮಾಡಿದರು, ಏನು ಮಾಡಿದರು ಎಂಬುದೇ ಬದಲಾದರೆ ಅದು ದೊಡ್ಡದು. ಅವಳ ಮಾತನ್ನು ಪರೀಕ್ಷಿಸಿ, ಬೇಡವೆನ್ನುವುದಿಲ್ಲ. ಆದರೆ "ಒಳ್ಳೆಯ ಹುಡುಗಿ ಹೀಗೆ ಮಾಡುತ್ತಿರಲಿಲ್ಲ" ಎಂಬುದು ಪರೀಕ್ಷೆಯಲ್ಲ.

ಕೊನೆಗೆ ನಮ್ಮೆಲ್ಲರಿಗೆ ಒಂದು ಮಾತು. ಹದಿನೆಂಟು ತುಂಬದವರ ಮೇಲಿನ ಲೈಂಗಿಕ ದೌರ್ಜನ್ಯ ಗೊತ್ತಾದರೆ ಅದನ್ನು ಪೊಲೀಸರಿಗೆ ತಿಳಿಸಲೇಬೇಕು ಎಂದು 2012ರ ಪೋಕ್ಸೊ ಕಾಯ್ದೆ ಹೇಳುತ್ತದೆ. ಮಕ್ಕಳ ಸಹಾಯವಾಣಿ 1098. ನಾಳೆ ನಮ್ಮಲ್ಲೇ ಒಬ್ಬಳು ಗೆಳತಿಯ ಬಳಿಯೋ ಮೇಡಂ ಬಳಿಯೋ ಬಂದು ಬಾಯಿಬಿಟ್ಟರೆ, "ಸಾಕ್ಷಿ ಎಲ್ಲಿ?" ಎಂಬುದು ನಮ್ಮ ಮೊದಲ ಪ್ರಶ್ನೆ ಆಗದಿರಲಿ. ಅದನ್ನು ಕೇಳಲು ಕೋರ್ಟ್ ಇದೆ. ನಮ್ಮ ಕೆಲಸ ಕೂತು ಕೇಳಿಸಿಕೊಳ್ಳುವುದು, ಅವಳ ಜೊತೆ ಹೋಗುವುದು.

- ದ್ವಿತೀಯ ಪಿಯುಸಿ, ವಾಣಿಜ್ಯ ವಿಭಾಗದ ವಿದ್ಯಾರ್ಥಿನಿ