ತಡೆಯಾಜ್ಞೆಯ ಬಲವೆಷ್ಟು?

ಒಂದು ಕಾಲಕ್ಕೆ ಕೆರೆ ಗದ್ದೆಗಳ ಹಳ್ಳಿಯಾಗಿದ್ದ ವೇಲಚೇರಿಯಲ್ಲಿ ಇಂದು ಅಂಗೈಯಗಲದ ನೆಲಕ್ಕೂ ಚಿನ್ನದ ಬೆಲೆ. 2007ರಲ್ಲಿ ರೈಲು ಇಲ್ಲಿಯವರೆಗೆ ಬಂದ ಮೇಲಂತೂ ಕೇಳುವುದೇ ಬೇಡ. ಹೋಟೆಲಿನ ಒಲೆಯ ಮುಂದೆ ಬೆಂದು, ಕಚೇರಿಯ ಕಡತಗಳ ನಡುವೆ ಸವೆದು, ಕಾಸಿಗೆ ಕಾಸು ಕೂಡಿಸಿ ಅರ್ಧ ಗ್ರೌಂಡು ಕೊಂಡ ನಮ್ಮವರು, ಕ್ರಯಪತ್ರವನ್ನು ಪೆಟ್ಟಿಗೆಯಲ್ಲಿಟ್ಟು ನಿಶ್ಚಿಂತರಾಗಿಬಿಡುತ್ತಾರೆ. ಒಂದು ದಿನ ಹೋಗಿ ನೋಡಿದರೆ ಅಲ್ಲಿ ಮತ್ತೊಬ್ಬರ ಬೇಲಿ ಎದ್ದಿರುತ್ತದೆ. ಆಗ ಎಲ್ಲರ ಬಾಯಲ್ಲೂ ಒಂದೇ ಮಾತು: “ಕೋರ್ಟಿನಿಂದ ಇಂಜಂಕ್ಷನ್ ತಂದರಾಯಿತು.”

ಅಷ್ಟರಿಂದಲೇ ಆಗದು. ತಡೆಯಾಜ್ಞೆಯು ಕಾಯುವುದು ಮುಖ್ಯವಾಗಿ ಸ್ವಾಧೀನವನ್ನು. ಕೈತಪ್ಪಿದ ನೆಲವನ್ನು ಅದು ಮರಳಿ ತಂದುಕೊಡಲಾರದು. ಬಲಾತ್ಕಾರದಿಂದ ಹೊರದೂಡಲ್ಪಟ್ಟವನು ಆರು ತಿಂಗಳೊಳಗೆ ದಾವೆ ಹೂಡಿದರೆ, ಹಕ್ಕಿನ ವಿಚಾರಕ್ಕೆ ಹೋಗದೆಯೇ ಸ್ವಾಧೀನವನ್ನು ಮರಳಿ ಕೊಡಿಸಲು 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ 6ನೆಯ ಕಲಮಿನಲ್ಲಿ ಅವಕಾಶವಿದೆ. ಎದುರು ಪಕ್ಷದವನೂ ಪತ್ರ ಹಿಡಿದು ಬಂದು ಒಡೆತನವೇ ಸಂಶಯಕ್ಕೀಡಾದಲ್ಲಿ, ಬರಿಯ ತಡೆಯಾಜ್ಞೆಯ ದಾವೆ ಸಾಲದು, ಹಕ್ಕು ಘೋಷಣೆಯನ್ನೂ ಬೇಡಬೇಕೆಂದು ಸುಪ್ರೀಂ ಕೋರ್ಟು 2008ರಲ್ಲಿ ಸ್ಪಷ್ಟಪಡಿಸಿತು. ಖಾಲಿ ನಿವೇಶನದಲ್ಲಿ ಸ್ವಾಧೀನವು ಒಡೆತನವನ್ನೇ ಹಿಂಬಾಲಿಸುತ್ತದೆಂಬ ಅದೇ ತೀರ್ಪಿನ ಮಾತು, ಬೇಲಿ ಹಾಕಲೂ ಹಣವಿಲ್ಲದ ಬಡ ಗುಮಾಸ್ತನಿಗೆ ದೊಡ್ಡ ಆಸರೆ.

ಇದಕ್ಕೆ ಇನ್ನೊಂದು ಮುಖವೂ ಉಂಟು. ನೆಲೆಗೊಂಡ ಸ್ವಾಧೀನದಲ್ಲಿರುವವನನ್ನು ನಿಜವಾದ ಒಡೆಯನೇ ಆದರೂ ತೋಳ್ಬಲದಿಂದ ಹೊರಹಾಕುವಂತಿಲ್ಲ. ಕಾನೂನಿನ ಮಾರ್ಗವನ್ನೇ ಹಿಡಿಯಬೇಕು. ಕರ್ನಾಟಕದಿಂದ ಹೋದ ಮೊಕದ್ದಮೆಯೊಂದರಲ್ಲಿ 2003ರಲ್ಲಿ ಸುಪ್ರೀಂ ಕೋರ್ಟು ಹೀಗೆಂದು ಎತ್ತಿಹಿಡಿಯಿತು. ಆದರೆ ಕಾವಲುಗಾರನೋ ಆಳೋ ಎಷ್ಟು ವರ್ಷ ನೆಲವನ್ನು ಕಾದರೂ ಅದರಲ್ಲಿ ಅವನಿಗೆ ಹಕ್ಕು ಹುಟ್ಟದೆಂದು 2012ರಲ್ಲಿ ಅದೇ ನ್ಯಾಯಾಲಯ ಹೇಳಿದೆ. ಧಣಿಯ ನಿವೇಶನದಲ್ಲಿ ಗುಡಿಸಲು ಹಾಕಿಕೊಂಡಿರುವ ನಮ್ಮ ಹುಡುಗರು ಇದನ್ನು ಮರೆಯಬಾರದು.

ನಮ್ಮ ಆತಂಕವಿರುವುದು ಏಕಪಕ್ಷೀಯ ತಡೆಯಾಜ್ಞೆಯ ವಿಚಾರದಲ್ಲಿ. ತುರ್ತೆಂದು ಕಂಡಾಗ, ಎದುರು ಪಕ್ಷವನ್ನು ಕೇಳದೆಯೇ ನ್ಯಾಯಾಧೀಶರು ಆಜ್ಞೆ ಕೊಡಬಹುದು. ಕಾರಣವನ್ನು ಬರೆದಿಡಬೇಕು, ಮೂವತ್ತು ದಿನಗಳೊಳಗೆ ಅರ್ಜಿಯನ್ನು ಇತ್ಯರ್ಥಪಡಿಸಲು ಯತ್ನಿಸಬೇಕು. ನಿಯಮವೇನೋ ಸೊಗಸಾಗಿದೆ. ಆದರೆ ವಾಯಿದೆಯ ಮೇಲೆ ವಾಯಿದೆ ಬಿದ್ದು ತಿಂಗಳುಗಳು ಉರುಳಿದರೆ, ದುರ್ಬಲನ ರಕ್ಷಣೆಗೆಂದು ಹುಟ್ಟಿದ ಆಜ್ಞೆಯೇ ಪ್ರಬಲನ ಕೈಯ ಬೀಗವಾಗುತ್ತದೆ. ಪ್ರತಿ ವಾಯಿದೆಗೂ ಒಂದು ದಿನದ ಸಂಬಳ ಕಳೆದುಕೊಳ್ಳುವ ಸಪ್ಲೈಯರ್ ಎಷ್ಟು ಸಲ ಕೋರ್ಟಿನ ಮೆಟ್ಟಿಲು ಹತ್ತಿಯಾನು? ಆ ಮೂವತ್ತು ದಿನಗಳ ನಿಯಮವು ಕಾಗದದಲ್ಲಿಯೇ ಉಳಿಯದಂತೆ ನೋಡಿಕೊಳ್ಳುವುದು ನ್ಯಾಯಾಂಗದ ಹೊಣೆ ಎಂದು ನಾವು ವಿನಯದಿಂದ, ಆದರೆ ದೃಢವಾಗಿ ಹೇಳಬಯಸುತ್ತೇವೆ.

ನಮ್ಮ ಹೊಣೆಯೂ ಇಲ್ಲದಿಲ್ಲ. ಕೊಳ್ಳುವ ಮುನ್ನ ವಿಲ್ಲಂಗ ಸರ್ಟಿಫಿಕೇಟನ್ನು ತೆಗೆಸಿ ನೋಡಬೇಕು. ಅದು ಕೆರೆಯ ಪೊರಂಬೋಕು ಅಲ್ಲವೆಂಬುದನ್ನು ಖಚಿತಪಡಿಸಿಕೊಳ್ಳಬೇಕು. ಕೆರೆಯ ಒತ್ತುವರಿಯನ್ನು ತೆರವು ಮಾಡಲೆಂದೇ ತಮಿಳುನಾಡಿನಲ್ಲಿ 2007ರ ಕಾಯಿದೆಯಿದೆ. ಕೊಂಡ ಮೇಲೆ ಪಟ್ಟಾವನ್ನು ತಮ್ಮ ಹೆಸರಿಗೆ ಮಾಡಿಸಿಕೊಂಡು, ತೆರಿಗೆ ಕಟ್ಟಿ ರಸೀದಿಯನ್ನು ಜೋಪಾನವಾಗಿಡಬೇಕು. ಆಗಾಗ ಹೋಗಿ ನೆಲವನ್ನು ಕಣ್ಣಾರೆ ಕಂಡುಬರಬೇಕು. ವ್ಯಾಜ್ಯದ ಸುಳಿವು ಸಿಕ್ಕಿದೊಡನೆ ಕೇವಿಯಟ್ ಹಾಕಿದರೆ, ತೊಂಬತ್ತು ದಿನಗಳವರೆಗೆ ನಮಗೆ ತಿಳಿಸದೆ ಆಜ್ಞೆ ಹೊರಡದಂತೆ ತಡೆಯಬಹುದು. ಕೋರ್ಟಿನ ಕಾಗದ ಬಂದರೆ ಹೆದರಿ ಮುಚ್ಚಿಡಬಾರದು. ಆಜ್ಞೆ ಮೀರಿದವನಿಗೆ ಮೂರು ತಿಂಗಳವರೆಗೆ ಸಿವಿಲ್ ಸೆರೆಮನೆಯೂ ಉಂಟು.

ಉತ್ಸವಗಳಿಗೆ ಚಂದಾ ಎತ್ತುವ ನಮ್ಮ ಸಂಘಗಳು ತಿಂಗಳಿಗೊಂದು ಭಾನುವಾರ ಒಬ್ಬ ವಕೀಲರನ್ನು ಕರೆತಂದು ಕೂರಿಸಿದರೆ, ಎಷ್ಟೋ ಸಂಸಾರಗಳ ಜೀವಮಾನದ ಗಳಿಕೆ ಉಳಿದೀತು. ಪರವೂರಿನಲ್ಲಿ ಒಂಟಿಯಾಗಿ ಕೋರ್ಟಿನ ಮುಂದೆ ನಿಲ್ಲುವವನ ಬೆನ್ನಿಗೆ ನಿಲ್ಲುವುದೂ ಕನ್ನಡದ ಸೇವೆಯೇ.